ಪ್ರಾಯಕ್ಕೆ ಬರುವ ಮಕ್ಕಳು ಮತ್ತು ನಮ್ಮ ಮನೆಮಾತು

ಮಕರ ಮಾಸ ಮುಗಿಯುತ್ತ ಬರುವಾಗ ನಮ್ಮ ಕಡೆ ಭೂಮಿತಾಯಿ ಮುಟ್ಟಾಗುತ್ತಾಳೆ. ಕೆಡ್ಡಸ ಎಂದು ಅದಕ್ಕೆ ಹೆಸರು. ಆ ಮೂರು ದಿನ ಹಾರೆ, ಪಿಕ್ಕಾಸು ಹಿಡಿಯುವಂತಿಲ್ಲ; ನೆಲ ಅಗೆಯುವಂತಿಲ್ಲ, ಉಳುವಂತಿಲ್ಲ, ಹಸಿ ಗಿಡ ಕಡಿಯುವಂತಿಲ್ಲ. ದಿನ ತುಂಬಿದ ಮೇಲೆ ಮನೆಯ ಹೆಂಗಸರು ತುಳಸಿಕಟ್ಟೆಯ ಹತ್ತಿರ ನೆಲ ಸಾರಿಸಿ, ಎಣ್ಣೆ ಬಿಟ್ಟು, ಅರಶಿನ ಕುಂಕುಮ ಇಟ್ಟು, ಬಾಚಣಿಗೆ ಕನ್ನಡಿ ಇರಿಸಿ ಭೂಮಿತಾಯಿಗೆ ಮೀಯಲು ಕೊಡುತ್ತಾರೆ. ಹುರಿದ ಅಕ್ಕಿ, ಧಾನ್ಯ, ಬೆಲ್ಲ, ತೆಂಗಿನಕಾಯಿ ಸೇರಿಸಿ ಮಾಡಿದ ನನ್ನೆರಿಯನ್ನು ಮಕ್ಕಳು ಜೇಬು ತುಂಬ ಹಾಕಿಕೊಂಡು ತಿನ್ನುತ್ತಾರೆ. ಮಂಜೇಶ್ವರದಿಂದ ಚಂದ್ರಗಿರಿ ಹೊಳೆಯವರೆಗೆ ಈ ಆಚರಣೆಯನ್ನು ಕಾಣದವರು, ಕೇಳದವರು ಕಡಿಮೆ. ಗಂಡಸರೂ ನಾಚದೆ, "ಇವತ್ತು ಕೆಡ್ಡಸ, ಅಗೆಯುವ ಹಾಗಿಲ್ಲ" ಎಂದು ಕೆಲಸದವರಿಗೆ ಹೇಳಿ ಕಳುಹಿಸುತ್ತಾರೆ.

ಭೂಮಿಯ ವಿಷಯದಲ್ಲಿ ಇಷ್ಟು ಸಲೀಸಾಗಿ ಮಾತಾಡುವ ನಾವು, ಅದೇ ಮನೆಯ ಹುಡುಗಿಗೆ ಹನ್ನೊಂದೋ ಹನ್ನೆರಡೋ ತುಂಬಿದಾಗ ಏನು ಹೇಳುತ್ತೇವೆ? ಹೆಚ್ಚಿನ ಮನೆಗಳಲ್ಲಿ ಏನೂ ಹೇಳುವುದಿಲ್ಲ. ಚಿಕ್ಕಂದಿನಲ್ಲಿ ಅವಳು ಅಮ್ಮನನ್ನು ಅಪ್ಪಿಕೊಳ್ಳಲು ಹೋದಾಗ, "ಮುಟ್ಟಬೇಡ, ಅಮ್ಮನಿಗೆ ಕಾಗೆ ಮುಟ್ಟಿದೆ" ಎಂದು ಹೇಳಿದ್ದೇವೆ. ಮಗು ಅಂಗಳಕ್ಕಿಳಿದು ತೆಂಗಿನ ಮರದ ಮೇಲೆ ಆ ಕಾಗೆಯನ್ನು ಹುಡುಕಿದೆ. ಅಷ್ಟಕ್ಕೆ ನಮ್ಮ ಪಾಠ ಮುಗಿದಿದೆ.

ನಮಗೆ ಪರಿಚಯದ ಹಿರಿಯ ಹೆಂಗಸೊಬ್ಬರು ತಮ್ಮ ಕಥೆಯನ್ನು ಈಗ ನಗುತ್ತ ಹೇಳುತ್ತಾರೆ. ಅಡಿಕೆ ಹೆಕ್ಕಲು ತೋಟಕ್ಕೆ ಹೋಗಿದ್ದಾಗ ಲಂಗದಲ್ಲಿ ರಕ್ತ ಕಂಡಿತಂತೆ. ಜಿಗಣೆ ಕಚ್ಚಿರಬೇಕೆಂದು ಕಾಲೆಲ್ಲ ಹುಡುಕಿದರು. ಜಿಗಣೆ ಸಿಗಲಿಲ್ಲ, ರಕ್ತ ನಿಲ್ಲಲಿಲ್ಲ. ತಾನಿನ್ನು ಬದುಕುವುದಿಲ್ಲವೆಂದು ಕೆರೆಯ ಬದಿಯಲ್ಲಿ ಕತ್ತಲೆಯಾಗುವ ತನಕ ಕೂತರು. ಹುಡುಕಿಕೊಂಡು ಬಂದ ತಾಯಿ ಒಮ್ಮೆ ನೋಡಿ, "ಇನ್ನು ಮೂರು ದಿನ ಒಳಗೆ ಬರಬೇಡ" ಎಂದು ಹೇಳಿ, ಜಗಲಿಯ ಮೂಲೆಯಲ್ಲಿ ಒಂದು ಚಾಪೆ, ಒಂದು ತಂಬಿಗೆ ಇಟ್ಟು ಹೋದರು. ಆ ವಿಷಯದಲ್ಲಿ ತಾಯಿ ಮಗಳ ನಡುವೆ ಜೀವಮಾನದಲ್ಲಿ ನಡೆದ ಮಾತುಕತೆ ಅಷ್ಟೇ. "ಸಾಯುವುದಿಲ್ಲ ಮಗಳೇ ಎಂದು ಒಂದು ಮಾತು ಹೇಳಿದ್ದರೆ ಸಾಕಿತ್ತು" ಎನ್ನುವಾಗ ಮಾತ್ರ ಅವರ ಮುಖದಲ್ಲಿ ನಗು ಇರುವುದಿಲ್ಲ.

ಇದು ಹಿಂದಿನ ಕಾಲದ ಕಥೆ, ಈಗ ಎಲ್ಲರ ಕೈಯಲ್ಲಿ ಮೊಬೈಲು ಇದೆ, ಮಕ್ಕಳು ನಮಗಿಂತ ಹೆಚ್ಚು ತಿಳಿದಿದ್ದಾರೆ ಎಂದು ಕೆಲವರು ಹೇಳಬಹುದು. ಮಕ್ಕಳು ಬಹಳಷ್ಟನ್ನು ನೋಡಿದ್ದಾರೆ ಎಂಬುದು ನಿಜ. ತಿಳಿದಿದ್ದಾರೆಯೇ ಎಂಬುದರಲ್ಲಿ ನಮಗೆ ಸಂದೇಹವಿದೆ.

ಅಜ್ಜಿಯಂದಿರ ಕಾಲ

ಹಿಂದಿನವರಿಗೆ ಈ ವಿಷಯ ಗುಟ್ಟಾಗಿರಲಿಲ್ಲ ಎಂಬುದನ್ನು ಮರೆಯಬಾರದು. ಕೆಲವು ಜಾತಿಗಳಲ್ಲಿ ಹುಡುಗಿ ಮೈನೆರೆದರೆ ಊರಿಗೆಲ್ಲ ತಿಳಿಯುತ್ತಿತ್ತು. ನೆಂಟರು ತಿಂಡಿ ತರುತ್ತಿದ್ದರು, ಹೊಸ ಸೀರೆ ಉಡಿಸುತ್ತಿದ್ದರು, ಆರತಿ ಎತ್ತುತ್ತಿದ್ದರು. ಮಲಯಾಳಿಗಳಲ್ಲಿ ಇದೇ ಸಮಾರಂಭವನ್ನು ತಿರಂಡು ಕಲ್ಯಾಣಂ ಎನ್ನುತ್ತಿದ್ದರು. ಇನ್ನು ಕೆಲವು ಮನೆತನಗಳಲ್ಲಿ ಮೈನೆರೆಯುವ ಮೊದಲೇ ಮದುವೆ ಮುಗಿದಿರಬೇಕಿತ್ತು. ಹುಡುಗಿ ದೊಡ್ಡವಳಾದ ಸುದ್ದಿ ಗಂಡನ ಮನೆಗೆ ಹೋಗುತ್ತಿತ್ತು, ಅಲ್ಲಿಂದ ಕರೆದೊಯ್ಯುವ ದಿನ ಗೊತ್ತಾಗುತ್ತಿತ್ತು. 1891ರಲ್ಲಿ ಬ್ರಿಟಿಷ್ ಸರಕಾರ ಸಮ್ಮತಿಯ ವಯಸ್ಸನ್ನು ಹತ್ತರಿಂದ ಹನ್ನೆರಡಕ್ಕೆ ಏರಿಸಿದಾಗಲೇ ದೇಶದಲ್ಲಿ ದೊಡ್ಡ ಗಲಾಟೆಯಾಗಿತ್ತು. 1929ರ ಶಾರದಾ ಕಾಯಿದೆ ಹುಡುಗಿಯ ಮದುವೆಯ ವಯಸ್ಸನ್ನು 14 ಎಂದಿತು. 1978ರಲ್ಲಿ ಅದು 18 ಆಯಿತು, ಹುಡುಗನಿಗೆ 21.

ಇದರ ಪರಿಣಾಮವನ್ನು ನಾವು ಸರಿಯಾಗಿ ಯೋಚಿಸಿದಂತಿಲ್ಲ. ಅಜ್ಜಿಯ ಕಾಲದಲ್ಲಿ ಮೈ ಬಲಿಯುವುದಕ್ಕೂ ಸಂಸಾರ ಹೂಡುವುದಕ್ಕೂ ನಡುವೆ ತಿಂಗಳುಗಳ ಅಂತರವಿತ್ತು. ಈಗ ಹತ್ತು ಹದಿನೈದು ವರ್ಷಗಳಿವೆ. ಈ ಹತ್ತು ಹದಿನೈದು ವರ್ಷ ಹುಡುಗಿಯೂ ಹುಡುಗನೂ ತಮ್ಮ ಮೈಯೊಂದಿಗೆ ಹೇಗೆ ಬದುಕಬೇಕೆಂದು ಹೇಳುವ ಸಂಪ್ರದಾಯ ನಮ್ಮಲ್ಲಿ ಇಲ್ಲ. ಆರತಿ ಎತ್ತುವುದನ್ನು ಬಿಟ್ಟೆವು, ಒಳ್ಳೆಯದೇ ಆಯಿತು. ಊರಿಗೆಲ್ಲ ಡಂಗುರ ಹೊಡೆಯುವುದು ಯಾವ ಹುಡುಗಿಗೂ ಬೇಡ. ಅಂದು ಯಾರೂ ಅವಳನ್ನು ಕೇಳಿರಲಿಲ್ಲ. ಇಂದು ಯಾರೂ ಅವಳಿಗೆ ಹೇಳುವುದಿಲ್ಲ.

ಕನ್ನಡದಲ್ಲಿ ಈ ಮೌನವನ್ನು ಮುರಿದವರಲ್ಲಿ ಡಾ. ಅನುಪಮಾ ನಿರಂಜನರ ಹೆಸರನ್ನು ಮೊದಲು ಹೇಳಬೇಕು. ಕಯ್ಯೂರಿನ ರೈತರ ಕಥೆಯನ್ನು 'ಚಿರಸ್ಮರಣೆ'ಯಲ್ಲಿ ಬರೆದ ನಿರಂಜನರ ಪತ್ನಿ ಅವರು. ನಿರಂಜನರು ನೀಲೇಶ್ವರದಲ್ಲಿ ಕಲಿತವರಾದ್ದರಿಂದ ಈ ದಂಪತಿಗಳ ಮೇಲೆ ನಮ್ಮ ಜಿಲ್ಲೆಯವರಿಗೆ ತುಸು ಹೆಚ್ಚು ಅಭಿಮಾನ. ವೈದ್ಯೆಯಾಗಿದ್ದ ಅನುಪಮಾ ಅವರು ಮಕ್ಕಳಿಗಾಗಿ 'ದಿನಕ್ಕೊಂದು ಕಥೆ' ಬರೆದರು, ಮದುವೆಯಾಗುವವರಿಗಾಗಿ 'ವಧುವಿಗೆ ಕಿವಿಮಾತು' ಬರೆದರು, ತಾಯಂದಿರಿಗಾಗಿ 'ತಾಯಿ ಮಗು' ಬರೆದರು. ಮೊದಲನೆಯ ಪುಸ್ತಕವನ್ನು ಅಪ್ಪನೇ ತಂದುಕೊಟ್ಟ ಮನೆಗಳಲ್ಲಿ ಎರಡನೆಯದನ್ನು ಬಟ್ಟೆಯ ಪೆಟ್ಟಿಗೆಯ ಅಡಿಯಲ್ಲಿ ಬಚ್ಚಿಡುತ್ತಿದ್ದರು. ಹುಡುಗಿಯರು ಮಧ್ಯಾಹ್ನ ಎಲ್ಲರೂ ಮಲಗಿದಾಗ ಅದನ್ನು ಹುಡುಕಿ ತೆಗೆದು ಓದುತ್ತಿದ್ದರು. ಕಥೆ ಕೇಳುವ ಪ್ರಾಯಕ್ಕೂ ವಧುವಾಗುವ ಪ್ರಾಯಕ್ಕೂ ನಡುವಿನ ಹನ್ನೆರಡು, ಹದಿಮೂರರ ಮಗುವಿನ ಕೈಗೆ ಯಾವ ಪುಸ್ತಕ ಕೊಡಬೇಕೆಂಬುದು ನಮ್ಮ ಮನೆಗಳಲ್ಲಿ ಇಂದಿಗೂ ಬಗೆಹರಿದಿಲ್ಲ.

ಮೈಯ ಲೆಕ್ಕ

ವೈದ್ಯಶಾಸ್ತ್ರ ಹೇಳುವುದು ಬಹಳ ಸರಳವಾಗಿದೆ. ಮಿದುಳಿನ ತಳದಲ್ಲಿರುವ ಪಿಟ್ಯುಟರಿ ಎಂಬ ಕಡಲೆಕಾಳಿನಷ್ಟು ಗಾತ್ರದ ಗ್ರಂಥಿ ಒಂದು ದಿನ ಹೊಸ ಆಜ್ಞೆ ಹೊರಡಿಸತೊಡಗುತ್ತದೆ. ಹುಡುಗಿಯರಲ್ಲಿ ಅಂಡಾಶಯ, ಹುಡುಗರಲ್ಲಿ ವೃಷಣ ಅದಕ್ಕೆ ಓಗೊಟ್ಟು ಹಾರ್ಮೋನುಗಳನ್ನು ತಯಾರಿಸುತ್ತವೆ. ಹುಡುಗಿಯರಲ್ಲಿ ಇದು 8ರಿಂದ 13 ವರ್ಷದೊಳಗೆ, ಹುಡುಗರಲ್ಲಿ 9ರಿಂದ 14ರೊಳಗೆ ಯಾವಾಗಲೂ ಶುರುವಾಗಬಹುದು. ಈ ಐದು ವರ್ಷಗಳ ಹರವೇ ಮಕ್ಕಳ ಅರ್ಧ ಸಂಕಟಕ್ಕೆ ಕಾರಣ. ಒಂದೇ ಬೆಂಚಿನಲ್ಲಿ ಕೂತ ಇಬ್ಬರು ಹುಡುಗಿಯರಲ್ಲಿ ಒಬ್ಬಳು ಹೆಂಗಸಿನಂತೆ ಕಾಣುತ್ತಾಳೆ, ಇನ್ನೊಬ್ಬಳು ಮಗುವಿನಂತಿರುತ್ತಾಳೆ. ಮೊದಲಿನವಳು ಪುಸ್ತಕವನ್ನು ಎದೆಗೆ ಒತ್ತಿಕೊಂಡು, ಬೆನ್ನು ಬಾಗಿಸಿ ನಡೆಯುತ್ತಾಳೆ. ಎರಡನೆಯವಳು ತನ್ನಲ್ಲೇನೋ ಕೊರತೆಯಿದೆಯೆಂದು ರಾತ್ರಿ ನಿದ್ದೆಗೆಡುತ್ತಾಳೆ. ಇಬ್ಬರೂ ಸರಿಯಾಗಿಯೇ ಇದ್ದಾರೆ.

ಏಳನೆಯ ತರಗತಿಯ ಫೋಟೋ ಇದ್ದರೆ ತೆಗೆದು ನೋಡಿ. ಹುಡುಗಿಯರು ಎತ್ತರ, ಹುಡುಗರು ಗಿಡ್ಡ. ಹುಡುಗಿಯರ ಎತ್ತರದ ಓಟ ಹುಡುಗರಿಗಿಂತ ಸುಮಾರು ಎರಡು ವರ್ಷ ಮೊದಲು. ಹತ್ತನೆಯ ತರಗತಿಯ ಫೋಟೋದಲ್ಲಿ ಲೆಕ್ಕ ಸರಿಯಾಗಿರುತ್ತದೆ. ಹುಡುಗಿಯರಲ್ಲಿ ಎದೆ ಮೊಗ್ಗೊಡೆದು ಎರಡು, ಎರಡೂವರೆ ವರ್ಷದಲ್ಲಿ ಮೊದಲ ಮುಟ್ಟು ಬರುವುದು ಸಾಮಾನ್ಯ. ಎಂದರೆ ತಾಯಂದಿರಿಗೆ ಹೇಳಿಕೊಡಲು ಪ್ರಕೃತಿಯೇ ಎರಡು ವರ್ಷದ ನೋಟಿಸು ಕೊಟ್ಟಿದೆ! ಎದೆ ಒಂದು ಬದಿ ಮೊದಲು, ಇನ್ನೊಂದು ಬದಿ ಮತ್ತೆ ಬೆಳೆಯುವುದೂ ಇದೆ, ಗಡ್ಡೆಯೆಂದು ಹೆದರಬೇಕಾಗಿಲ್ಲ. ಮುಟ್ಟು ಮೊದಲ ಒಂದೆರಡು ವರ್ಷ ಹೇಳಿದ ದಿನಕ್ಕೆ ಬರುವುದಿಲ್ಲ. ಒಂದು ತಿಂಗಳು ಬಂದು ಮುಂದಿನ ತಿಂಗಳು ಬಾರದಿರಬಹುದು. ಒಟ್ಟು ಹೋಗುವ ರಕ್ತ ಸರಾಸರಿ ಮೂವತ್ತು ನಲವತ್ತು ಮಿಲಿಲೀಟರು, ಎರಡು ದೊಡ್ಡ ಚಮಚಕ್ಕಿಂತ ತುಸು ಹೆಚ್ಚು. ಬಟ್ಟೆಯ ಮೇಲೆ ಹರಡಿದಾಗ ಮಗುವಿಗೆ ಅದು ತಂಬಿಗೆಯಷ್ಟು ಕಾಣುತ್ತದೆ, ಅಷ್ಟೇ.

ಮೊಡವೆಯ ವಿಷಯ ಹೇಳಲು ಹೆಚ್ಚೇನೂ ಇಲ್ಲ. ಚರ್ಮದ ಎಣ್ಣೆಗ್ರಂಥಿಗಳು ಚುರುಕಾಗುವುದರಿಂದ ಬರುತ್ತದೆ, ಕೆಟ್ಟ ಯೋಚನೆಯಿಂದ ಅಲ್ಲ. ಹಾಗೆಂದು ಹೇಳಿ ಮಕ್ಕಳ ಕಾಲೆಳೆಯುವ ಚಿಕ್ಕಪ್ಪಂದಿರು ಪ್ರತಿ ಮನೆಯಲ್ಲೂ ಒಬ್ಬರಿರುತ್ತಾರೆ.

ಗಂಡುಹುಡುಗರ ಪಾಡು

ಹುಡುಗಿಗೆ ಏನೂ ಹೇಳದಿದ್ದರೂ ಕೊನೆಗೆ ಒಬ್ಬ ಅಕ್ಕನೋ ಅತ್ತಿಗೆಯೋ ಸಿಗುತ್ತಾಳೆ. ಹುಡುಗನಿಗೆ ಯಾರೂ ಇಲ್ಲ. ಅಪ್ಪನೊಡನೆ ಅಡಿಕೆಯ ಧಾರಣೆ ಮಾತಾಡಬಹುದು, ಇದನ್ನು ಮಾತಾಡುವಂತಿಲ್ಲ.

ನಮ್ಮ ಕಡೆಯ ಹಲವು ದೇವಸ್ಥಾನಗಳಲ್ಲಿ ಗಂಡಸರು ಅಂಗಿ ಕಳಚಿ ಒಳಗೆ ಹೋಗುವುದು ರೂಢಿ. ಹದಿಮೂರು, ಹದಿನಾಲ್ಕರ ಹುಡುಗನೊಬ್ಬ ಇದ್ದಕ್ಕಿದ್ದಂತೆ ದೇವಸ್ಥಾನಕ್ಕೆ ಬರುವುದಿಲ್ಲ ಎಂದು ಹಟ ಹಿಡಿದರೆ ಮನೆಯವರು ಅವನು ನಾಸ್ತಿಕನಾದನೆಂದು ತಿಳಿಯುತ್ತಾರೆ. ಕೆರೆಯಲ್ಲಿ ಈಜಲು ಒಲ್ಲೆನೆಂದರೆ ಸೋಮಾರಿ ಎನ್ನುತ್ತಾರೆ. ನಿಜವಾದ ಕಾರಣ ಅಂಗಿಯ ಒಳಗಿರುತ್ತದೆ. ಈ ಪ್ರಾಯದಲ್ಲಿ ಸುಮಾರು ಅರ್ಧದಷ್ಟು ಹುಡುಗರಿಗೆ ಎದೆ ಸ್ವಲ್ಪ ಊದಿಕೊಳ್ಳುತ್ತದೆ, ಮುಟ್ಟಿದರೆ ನೋಯುತ್ತದೆ. ಹಾರ್ಮೋನುಗಳ ತಕ್ಕಡಿ ಸಮನಾಗುವ ಮೊದಲು ಹೀಗಾಗುತ್ತದೆ. ಹೆಚ್ಚಿನವರಲ್ಲಿ ಒಂದೆರಡು ವರ್ಷದಲ್ಲಿ ತಾನಾಗಿಯೇ ಇಳಿದುಹೋಗುತ್ತದೆ. ತಾನು ಹುಡುಗಿಯಾಗುತ್ತಿದ್ದೇನೆಂದು ಹೆದರಿ ಬಿಗಿ ಬನಿಯನು ಎರಡೆರಡು ತೊಟ್ಟು ಸೆಕೆಯಲ್ಲಿ ಬೇಯುವ ಹುಡುಗನಿಗೆ ಈ ಎರಡು ವಾಕ್ಯ ಹೇಳುವವರು ಬೇಕು.

ಕಂಠ ಒಡೆಯುವುದು ಇನ್ನೊಂದು ಅವಸ್ಥೆ. ನಮ್ಮದು ಯಕ್ಷಗಾನದ ನೆಲ. ಕೇರಳದ ಶಾಲಾ ಕಲೋತ್ಸವದಲ್ಲಿ ಯಕ್ಷಗಾನ ಇದೆ, ಕನ್ನಡ ಪದ್ಯ ಕಂಠಪಾಠ ಇದೆ. ನಮ್ಮ ಮಕ್ಕಳಿಗೆ ಅವೇ ದೊಡ್ಡ ವೇದಿಕೆ. ಏಳನೆಯ ತರಗತಿಯಲ್ಲಿ ಬಹುಮಾನ ತಂದ ಹುಡುಗ ಒಂಬತ್ತಕ್ಕೆ ಬಂದಾಗ ಪದ್ಯದ ನಡುವೆ ಸ್ವರ ಮುರಿದು, ಸಭೆ ನಕ್ಕು, ಅಳುತ್ತ ಕೆಳಗಿಳಿದುದನ್ನು ನಾವು ಕಂಡಿದ್ದೇವೆ. ಧ್ವನಿಪೆಟ್ಟಿಗೆ ದೊಡ್ಡದಾಗಿ ಸ್ವರತಂತುಗಳು ಉದ್ದವಾಗುವ ಕಾಲ ಅದು. ಕೆಲವು ತಿಂಗಳು, ಕೆಲವರಲ್ಲಿ ಒಂದು ವರ್ಷಕ್ಕೂ ಮಿಕ್ಕಿ ಹಿಡಿಯುತ್ತದೆ. ಆ ಹುಡುಗ ಮತ್ತೆ ಹಾಡಲಿಲ್ಲ. ಒಂದು ವರ್ಷ ಸುಮ್ಮನಿದ್ದು ಮತ್ತೆ ಬಾ ಎಂದು ಹೇಳಲು ಯಾರಿಗೂ ತೋಚಲಿಲ್ಲ, ನಮಗೂ ಸೇರಿ.

ಇನ್ನು ಬೆಳಗಿನ ಜಾವ ಬಾವಿಕಟ್ಟೆಯಲ್ಲಿ ತನ್ನ ಬಟ್ಟೆ ತಾನೇ ಒಗೆಯುವ ಹುಡುಗ. ಮಗನಿಗೆ ಶುಚಿಯ ಬುದ್ಧಿ ಬಂತೆಂದು ತಾಯಿ ಸಂತೋಷಪಡುತ್ತಾಳೆ. ನಿದ್ದೆಯಲ್ಲಿ ವೀರ್ಯ ಹೋಗುವುದು ಈ ಪ್ರಾಯಕ್ಕೆ ಸಹಜ, ಅದರಿಂದ ಶಕ್ತಿ ಕುಂದುವುದಿಲ್ಲ ಎಂದು ಅವನಿಗೆ ಗೊತ್ತಿಲ್ಲ. ಇಷ್ಟು ರಕ್ತ ಸೇರಿದರೆ ಇಷ್ಟು ವೀರ್ಯ ಎಂಬ ಹಳೆಯ ಲೆಕ್ಕ ಯಾರೋ ಹೇಳಿದ್ದಾರೆ. ಆ ಲೆಕ್ಕಕ್ಕೆ ಯಾವ ಆಧಾರವೂ ಇಲ್ಲ. ಈ ಭಯವೇ ಒಂದು ಕಾಯಿಲೆಯಾಗುವುದನ್ನು ಕಂಡು ಡಾ. ಎನ್. ಎನ್. ವಿಗ್ ಎಂಬ ಮನೋವೈದ್ಯರು 1960ರಲ್ಲೇ ಅದಕ್ಕೆ ಧಾತು ಸಿಂಡ್ರೋಮ್ ಎಂದು ಹೆಸರಿಟ್ಟರು. ಆಯಾಸ, ತಲೆಸುತ್ತು, ಓದಿನಲ್ಲಿ ಮನಸ್ಸಿಲ್ಲದಿರುವುದು ಎಲ್ಲವೂ ಬರುತ್ತದೆ, ಭಯದಿಂದ. ಈ ಭಯದ ಮೇಲೆ ಬದುಕುವ ನಕಲಿ ವೈದ್ಯರು ಬಸ್‌ಸ್ಟ್ಯಾಂಡಿನ ಗೋಡೆಗಳಲ್ಲಿ ಇನ್ನೂ ಇದ್ದಾರೆ. ಇಂಥ ಔಷಧಿಗಳ ಜಾಹೀರಾತನ್ನು ತಡೆಯಲು 1954ರಲ್ಲೇ ಕಾನೂನು ಬಂದಿದೆ. ಆದರೂ ಪತ್ರಿಕೆಗಳು ಎಷ್ಟೋ ವರ್ಷ ಅವನ್ನು ಅಚ್ಚುಹಾಕಿದವು. ಪತ್ರಿಕೆಯವರಾದ ನಾವು ಇದನ್ನು ತಲೆ ತಗ್ಗಿಸಿಯೇ ಬರೆಯಬೇಕು.

ಯಾವ ಭಾಷೆಯಲ್ಲಿ ಹೇಳುವುದು?

ಇಲ್ಲಿಯವರೆಗೆ ಬರೆದುದು ಯಾವ ಊರಿಗೂ ಸಲ್ಲುವ ಮಾತು. ನಮ್ಮ ಮಕ್ಕಳಿಗೆ ಇದರ ಮೇಲೆ ಇನ್ನೊಂದು ಹೊರೆಯಿದೆ.

ಕುಂಬಳೆ, ಬದಿಯಡ್ಕ, ಪೆರ್ಲ, ಮುಳ್ಳೇರಿಯ ಕಡೆಯ ಒಂದು ಮಗುವನ್ನು ತೆಗೆದುಕೊಳ್ಳಿ. ಮನೆಯಲ್ಲಿ ತುಳುವೋ, ಹವ್ಯಕವೋ, ಕೊಂಕಣಿಯೋ, ಮರಾಠಿಯೋ. ಶಾಲೆಯಲ್ಲಿ ಕನ್ನಡ. ಆಸ್ಪತ್ರೆಯಲ್ಲಿ, ಬಸ್ಸಿನಲ್ಲಿ, ಕಚೇರಿಯಲ್ಲಿ ಮಲಯಾಳ. ಮನೆಯ ಭಾಷೆಯಲ್ಲಿ ಈ ವಿಷಯಕ್ಕಿರುವುದು ಬರೀ ಮುಚ್ಚುಮಾತು: ಹೊರಗೆ, ದೂರ, ರಜೆ, ಕಾಗೆ. ಶಾಲೆಯ ಕನ್ನಡದಲ್ಲಿ ಋತುಸ್ರಾವ, ಸ್ವಪ್ನಸ್ಖಲನ ಎಂಬ ಪರೀಕ್ಷೆಗೆ ಬರೆಯುವ ಶಬ್ದಗಳಿವೆ. ಯಾವ ಮಗುವೂ ಅವನ್ನು ಬಾಯಲ್ಲಿ ಆಡಿದ್ದಿಲ್ಲ. ಆಸ್ಪತ್ರೆಯಲ್ಲಿ ಕೇಳುವುದು ಆರ್ತವಂ, ಮಾಸಮುರ. ಮಲಯಾಳಿಗಳ ಮನೆಯ ಮುಚ್ಚುಮಾತೂ ನಮ್ಮದಕ್ಕೆ ದೂರದ್ದಲ್ಲ. ಅವರ 'ಪುರತ್ತಾಯಿ', ನಮ್ಮ 'ಹೊರಗಾದಳು' ಒಂದೇ ಬಾಗಿಲಿನ ಹೊರಗೆ ಕೂತವು. ಅವರು 'ವಯಸ್ಸರಿಯಿಚ್ಚು' ಎನ್ನುತ್ತಾರೆ, ವಯಸ್ಸು ತಿಳಿಸಿದಳು ಎಂದು. ಚೆಂದದ ಮಾತು. ಆದರೆ ಅದು ನಮ್ಮ ಮಗುವಿನ ಕಿವಿಗೆ ಬಿದ್ದ ಮಾತಲ್ಲ.

ಒಂದು ಉದಾಹರಣೆ ಹೇಳಬೇಕು. ಊರು, ಹೆಸರು ಬೇಡ. ಕನ್ನಡ ಮಾಧ್ಯಮದ ಎಂಟನೆಯ ತರಗತಿಯ ಹುಡುಗಿ. ಪ್ರತಿ ತಿಂಗಳು ಹತ್ತು ದಿನ, ಕೆಲವೊಮ್ಮೆ ಹನ್ನೆರಡು ದಿನ ರಕ್ತ ಹೋಗುತ್ತಿತ್ತು. ಅದು ಹೆಚ್ಚೆಂದು ಅವಳಿಗೆ ಗೊತ್ತಿರಲಿಲ್ಲ, ಯಾಕೆಂದರೆ ಎಷ್ಟು ಹೋಗಬೇಕೆಂದು ಯಾರೂ ಹೇಳಿರಲಿಲ್ಲ. ತಾಯಿಯೊಂದಿಗೆ ಆಸ್ಪತ್ರೆಗೆ ಹೋದಾಗ ತಾಯಿಗೆ ಬರುತ್ತಿದ್ದ ಮಲಯಾಳದಲ್ಲಿ 'ವಯರುವೇದನ' ಎಂಬೊಂದು ಶಬ್ದವಿತ್ತು. ಅದನ್ನೇ ಹೇಳಿದರು. ಹೊರಗೆ ಐವತ್ತು ಜನರ ಸಾಲು. ಹೊಟ್ಟೆನೋವಿಗೆ ಗ್ಯಾಸಿನ ಗುಳಿಗೆ ಕೊಟ್ಟು ಕಳುಹಿಸಿದರು. ಎರಡು ಬಾರಿ ಹೀಗೆಯೇ ಆಯಿತು. ಮೂರನೆಯ ಬಾರಿ ಹುಡುಗಿ ಬೆಳಗ್ಗಿನ ಅಸೆಂಬ್ಲಿಯಲ್ಲಿ ಬಿದ್ದಳು. ರಕ್ತ ಪರೀಕ್ಷೆ ಮಾಡಿದಾಗ ಹಿಮೋಗ್ಲೋಬಿನ್ ಆರು. ಹನ್ನೆರಡು ಇರಬೇಕಾದಲ್ಲಿ ಆರು.

ಶಾಲೆಯಲ್ಲಿ ವಾರಕ್ಕೊಂದು ನೀಲಿ ಗುಳಿಗೆ ಕೊಡುತ್ತಾರೆ, ಕಬ್ಬಿಣಾಂಶದ್ದು. ಅದನ್ನು ತಿನ್ನುತ್ತಿರಲಿಲ್ಲವೇ ಎಂದು ಮತ್ತೆ ವಿಚಾರಿಸಿದರು. ಎರಡು ವಾರ ತಿಂದಳಂತೆ. ಮಲ ಕಪ್ಪಗಾದುದನ್ನು ಕಂಡು ಹೊಟ್ಟೆಯೊಳಗೆ ಏನೋ ಕೊಳೆಯುತ್ತಿದೆಯೆಂದು ಹೆದರಿ, ಆಮೇಲೆ ಗುಳಿಗೆಯನ್ನು ಅಂಗಳದ ಕ್ರೋಟನ್ ಗಿಡದ ಬುಡಕ್ಕೆ ಎಸೆಯುತ್ತಿದ್ದಳು. ಕಬ್ಬಿಣದ ಗುಳಿಗೆ ತಿಂದರೆ ಮಲ ಕಪ್ಪಗಾಗುತ್ತದೆ, ಹೆದರಬೇಕಾಗಿಲ್ಲ ಎಂಬ ಮಾತನ್ನು ಬಹುಶಃ ಯಾರೋ ಹೇಳಿದ್ದರು. ಅವಳಿಗೆ ತಿಳಿಯುವ ಭಾಷೆಯಲ್ಲಿ ಹೇಳಿರಲಿಲ್ಲ. ಈಗ ಅವಳು ಗುಣವಾಗಿದ್ದಾಳೆ, ಕಾಲೇಜಿಗೆ ಹೋಗುತ್ತಿದ್ದಾಳೆ.

ಇದನ್ನು ಓದಿ ಆಸ್ಪತ್ರೆಯವರ ಮೇಲೆ ಸಿಟ್ಟು ಮಾಡುವುದು ಸುಲಭ. ಕನ್ನಡ ಬಾರದ ಅಧ್ಯಾಪಕರನ್ನು ಕನ್ನಡ ತರಗತಿಗಳಿಗೆ ನೇಮಿಸಿದಾಗ ನಾವು ಬೀದಿಗಿಳಿದಿದ್ದೇವೆ, ಅದು ಸರಿಯೇ. ಗಣಿತದ ಪಾಠವನ್ನಾದರೂ ಹಲಗೆಯ ಮೇಲಿನ ಅಂಕೆ ನೋಡಿ ಅರ್ಧ ತಿಳಿಯಬಹುದು, ಈ ಪಾಠ ಹಾಗಲ್ಲ. ಶಾಲೆಗೆ ಬರುವ ಸಮಾಲೋಚಕಿಗೆ, ಆರೋಗ್ಯ ಕಾರ್ಯಕರ್ತೆಗೆ ಕನ್ನಡ ಬರಬೇಕೆಂದು ಕೇಳುವುದು ನಮ್ಮ ಹಕ್ಕು. 1969ರ ಭಾಷಾ ಕಾಯಿದೆ ಸರಕಾರಕ್ಕೆ ಕನ್ನಡದಲ್ಲಿ ಅರ್ಜಿ ಬರೆಯಲು ನಮಗೆ ಅವಕಾಶ ಕೊಟ್ಟಿತು. ಹನ್ನೆರಡರ ಹುಡುಗಿ ಅರ್ಜಿ ಬರೆಯುವುದಿಲ್ಲ. ಅವಳು ನರ್ಸಿನ ಮುಖ ನೋಡುತ್ತಾಳೆ, ಅಮ್ಮನ ಮುಖ ನೋಡುತ್ತಾಳೆ, ಸುಮ್ಮನಾಗುತ್ತಾಳೆ.

ಆದರೆ ಒಂದು ಪ್ರಶ್ನೆಯನ್ನು ನಮ್ಮಷ್ಟಕ್ಕೆ ಕೇಳಿಕೊಳ್ಳಬೇಕು. ಆ ದಿನ ಅಲ್ಲಿ ನಮ್ಮೂರಿನದೇ, ತುಳು ಕನ್ನಡ ಎರಡೂ ಬಲ್ಲ ನರ್ಸು ಕೂತಿದ್ದರೆ ಆ ತಾಯಿ ಮಗಳು ಏನು ಹೇಳುತ್ತಿದ್ದರು? "ಹೊಟ್ಟೆನೋವು" ಎಂದೇ ಹೇಳುತ್ತಿದ್ದರು. ನಾಚಿಕೆಯಿಲ್ಲದೆ ಆಡುವ ಶಬ್ದ ಅವರಿಗೆ ಯಾವ ಭಾಷೆಯಲ್ಲೂ ಇರಲಿಲ್ಲ. ಅದನ್ನು ತಿರುವನಂತಪುರದವರು ಕಿತ್ತುಕೊಂಡದ್ದಲ್ಲ. ನಾವು ಕೊಟ್ಟಿರಲಿಲ್ಲ.

ಪಡ್ರೆಯ ಹುಡುಗರು

ನಮ್ಮ ಜಿಲ್ಲೆಯ ಹುಡುಗರ ಪ್ರಾಯದ ವಿಷಯ ಒಮ್ಮೆ ಪ್ರಪಂಚದ ವಿಜ್ಞಾನಿಗಳು ಓದುವ ಪತ್ರಿಕೆಯಲ್ಲಿ ಬಂದಿತ್ತು. ಎಣ್ಮಕಜೆ ಪಂಚಾಯತಿನ ಪಡ್ರೆಯ ಗುಡ್ಡೆಗಳ ಗೇರು ತೋಟಗಳ ಮೇಲೆ ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಹೆಲಿಕಾಪ್ಟರಿನಿಂದ ಎಂ‌ಡೋಸಲ್ಫಾನ್ ಸಿಂಪಡಿಸುತ್ತಿದ್ದರು. ಅದು ನಿಂತದ್ದು 2000ದ ಕೊನೆಗೆ. ಅಹಮದಾಬಾದಿನ ರಾಷ್ಟ್ರೀಯ ಔದ್ಯೋಗಿಕ ಆರೋಗ್ಯ ಸಂಸ್ಥೆಯವರು ಬಂದು, ಅಲ್ಲಿಯ 10ರಿಂದ 19 ವರ್ಷದ 117 ಶಾಲಾ ಹುಡುಗರನ್ನೂ ಸಿಂಪಡಣೆ ಇಲ್ಲದ ಕಡೆಯ 90 ಹುಡುಗರನ್ನೂ ಹೋಲಿಸಿ ನೋಡಿದರು. ಸಿಂಪಡಣೆಗೆ ಒಳಗಾದ ಹುಡುಗರಲ್ಲಿ ಪ್ರಾಯದ ಲಕ್ಷಣಗಳು ತಡವಾಗುತ್ತಿರಬಹುದು, ಗಂಡು ಹಾರ್ಮೋನಿನ ಉತ್ಪತ್ತಿಗೆ ಅಡ್ಡಿಯಾಗುತ್ತಿರಬಹುದು ಎಂದು 2003ರಲ್ಲಿ ಪ್ರಕಟವಾದ ಅವರ ವರದಿ ಹೇಳಿತು. ನೋಡಿದ ಹುಡುಗರ ಸಂಖ್ಯೆ ಸಣ್ಣದು, ಕೆಲವರು ಪರೀಕ್ಷೆಗೆ ಒಪ್ಪಲಿಲ್ಲ, ಇದು ನಮ್ಮ ಅಧ್ಯಯನದ ಮಿತಿ ಎಂದೂ ಅವರೇ ಬರೆದರು. ಒಪ್ಪದವರನ್ನು ನಾವು ದೂರುವುದಿಲ್ಲ. ಕನ್ನಡಿಯ ಎದುರು ನಿಲ್ಲಲೂ ನಾಚುವ ಪ್ರಾಯದಲ್ಲಿ ಪರಊರಿನ ವೈದ್ಯರ ಎದುರು ನಿಲ್ಲುವುದೆಂದರೇನು!

2011ರಲ್ಲಿ ಸುಪ್ರೀಂ ಕೋರ್ಟು ದೇಶದಲ್ಲೇ ಆ ವಿಷವನ್ನು ತಡೆಯಿತು. ಅಂದು ಪರೀಕ್ಷೆಗೆ ನಿಂತ ಹುಡುಗರು ಈಗ ಮೂವತ್ತು, ನಲವತ್ತರ ಪ್ರಾಯದ ಗಂಡಸರು. ವರದಿ ಇಂಗ್ಲಿಷಿನಲ್ಲಿತ್ತು. ತಮ್ಮ ಮೈಯ ವಿಷಯ ಅದರಲ್ಲಿ ಏನು ಬರೆದಿತ್ತೆಂದು ಅವರಲ್ಲಿ ಎಷ್ಟು ಜನ ತಮ್ಮ ಭಾಷೆಯಲ್ಲಿ ಓದಿದ್ದಾರೋ. ಆ ಕಡೆಯ ಊರುಗಳಲ್ಲಿ ಇಂದಿಗೂ ಹದಿಮೂರರ ಮಗನಿಗೆ ಮೀಸೆ ಮೂಡದಿದ್ದರೆ ತಾಯಿಗೆ ಮೊದಲು ನೆನಪಾಗುವುದು ಹೆಲಿಕಾಪ್ಟರು. ಹೆಚ್ಚಿನ ಸಲ ಕಾರಣ ಅದಾಗಿರುವುದಿಲ್ಲ. ಅಪ್ಪನಿಗೋ ಸೋದರಮಾವನಿಗೋ ತಡವಾಗಿ ಆಗಿದ್ದರೆ ಮಗನಿಗೂ ತಡವಾಗುತ್ತದೆ. ಅಪ್ಪ ಬಾಯಿಬಿಟ್ಟು, "ನನಗೂ ಹದಿನಾರು ಕಳೆಯಬೇಕಾಯಿತು ಮೀಸೆ ಬರಲು" ಎಂದರೆ ಮನೆಯ ಅರ್ಧ ಭಯ ಅಲ್ಲೇ ಇಳಿಯುತ್ತದೆ.

ನಿಜವಾಗಿ ವೈದ್ಯರನ್ನು ಕಾಣಬೇಕಾದ ಸಂದರ್ಭಗಳೂ ಇವೆ. ಹುಡುಗಿಗೆ ಎಂಟರ ಮೊದಲು ಅಥವಾ ಹುಡುಗನಿಗೆ ಒಂಬತ್ತರ ಮೊದಲು ಪ್ರಾಯದ ಲಕ್ಷಣ ಕಂಡರೆ, ಹುಡುಗಿಗೆ ಹದಿಮೂರು ಕಳೆದರೂ ಎದೆ ಮೂಡದಿದ್ದರೆ, ಹದಿನೈದಾದರೂ ಮುಟ್ಟು ಬಾರದಿದ್ದರೆ, ಹುಡುಗನಿಗೆ ಹದಿನಾಲ್ಕು ಕಳೆದರೂ ಏನೂ ಶುರುವಾಗದಿದ್ದರೆ ತಡಮಾಡಬಾರದು. ಮುಟ್ಟು ಏಳು ದಿನ ದಾಟಿದರೆ, ಗಂಟೆಗೊಂದು ಪ್ಯಾಡ್ ನೆನೆದರೆ, ಹುಡುಗಿ ಮೆಟ್ಟಿಲು ಹತ್ತುವಾಗ ಏದುಸಿರು ಬಿಟ್ಟರೆ ಕೂಡಲೇ ಹೋಗಬೇಕು. ಹೋಗುವಾಗ ಒಂದು ಚೀಟಿಯಲ್ಲಿ ದಿನಾಂಕ, ಎಷ್ಟು ದಿನ, ದಿನಕ್ಕೆ ಎಷ್ಟು ಪ್ಯಾಡ್ ಎಂದು ಅಂಕೆಯಲ್ಲಿ ಬರೆದುಕೊಂಡು ಹೋಗಿ. ಅಂಕೆಗೆ ಭಾಷೆ ಬೇಡ. ಮಲಯಾಳ ಬಲ್ಲ ನೆರೆಮನೆಯ ಹೆಂಗಸನ್ನು ಜೊತೆಗೆ ಕರೆದುಕೊಳ್ಳಲು ನಾಚಬೇಡಿ.

ಬಟ್ಟೆ ಬಳಸುವ ಮನೆಗಳಲ್ಲಿ ಅದನ್ನು ಹಟ್ಟಿಯ ಹಿಂದಿನ ಕತ್ತಲೆಯಲ್ಲಿ, ಬೇರೆ ಬಟ್ಟೆಯ ಅಡಿಯಲ್ಲಿ ಒಣಗಿಸುವ ಪದ್ಧತಿಯನ್ನಾದರೂ ನಿಲ್ಲಿಸಬೇಕು. ಬಿಸಿಲೇ ಅದಕ್ಕೆ ಮದ್ದು. ಅಡಿಕೆ ಹರಡಲು ಅಂಗಳವಿಡೀ ಬೇಕು, ಇದಕ್ಕೆ ಒಂದು ಮೊಳ ಹಗ್ಗ ಸಾಕು.

ಈಚೆಗೆ ಕೆಡ್ಡಸದ ದಿನ ನಾವು ಹೋಗಿದ್ದ ಒಂದು ಮನೆಯಲ್ಲಿ ಅಜ್ಜಿ ನೆಲಕ್ಕೆ ಎಣ್ಣೆ ಬಿಡುತ್ತಿದ್ದರು. ಹತ್ತು ವರ್ಷದ ಮೊಮ್ಮಗಳು, "ಭೂಮಿಗೆ ಯಾಕೆ ಎಣ್ಣೆ?" ಎಂದು ಕೇಳಿದಳು. ಅಜ್ಜಿ ಸೊಸೆಯ ಮುಖ ನೋಡಿದರು. ಸೊಸೆ ಒಂದು ಗಳಿಗೆ ತಡೆದು, ಕಾಗೆಯ ಕಥೆ ಹೇಳದೆ, ಇದ್ದುದನ್ನು ಇದ್ದ ಹಾಗೆ ತುಳುವಿನಲ್ಲಿ ಹೇಳಿದಳು. ಐದು ನಿಮಿಷ ಹಿಡಿಯಲಿಲ್ಲ. ಹುಡುಗಿ ಕೇಳಿದ ಎರಡನೆಯ ಪ್ರಶ್ನೆ, "ಭೂಮಿಗೆ ನೋವಾಗುತ್ತದಾ?" ಎಂದು. ಜಗಲಿಯಲ್ಲಿ ಕೂತಿದ್ದ ನಾವು ಗಂಡಸರು ಪೇಪರಿನಿಂದ ತಲೆ ಎತ್ತಲಿಲ್ಲ.

ನಿಮ್ಮ ಮನೆಯಲ್ಲಿ ಇದಕ್ಕೆ ಯಾವ ಶಬ್ದ ಬಳಸುತ್ತೀರಿ, ಮಕ್ಕಳಿಗೆ ಏನು ಹೇಳಿದ್ದೀರಿ, ನಿಮಗೆ ಯಾರು ಏನು ಹೇಳಿದ್ದರು ಎಂಬುದನ್ನು ನಮಗೆ ಬರೆದು ತಿಳಿಸಿ. ಕನ್ನಡ, ತುಳು, ಹವ್ಯಕ, ಕೊಂಕಣಿ, ಮರಾಠಿ ಯಾವುದಾದರೂ ಆದೀತು. ಹೆಸರು, ಊರು ಬರೆಯಬೇಕಾಗಿಲ್ಲ. ಗಂಡಸರೂ ಬರೆಯಬಹುದು.